ಬಿಕಾಂ ಓದಿದವರು ಸೆಟ್ ಹಾಕಬಹುದಾ?

ಪ್ರಶ್ನೆ: ಬಿಕಾಂ ಮುಗಿಸಿದ್ದೇನೆ, ಚಿತ್ರ ಬಿಡಿಸೋ ಹುಚ್ಚಿದೆ. ಸಿನಿಮಾದಲ್ಲಿ ಪ್ರೊಡಕ್ಷನ್ ಡಿಸೈನರ್, ಅಂದ್ರೆ ಸೆಟ್, ಸಾಮಾನು ಸೇರಿ ಚಿತ್ರದ ಒಟ್ಟು ನೋಟ ರೂಪಿಸುವವನು, ಆಗಬೇಕು. ಕೋರ್ಸ್ ಮಾಡಲೇಬೇಕಾ?
– ಓದುಗ, ರಾಜಾಜಿನಗರ

ಉತ್ತರ: ಮಾಡಲೇಬೇಕು ಅಂತೇನಿಲ್ಲ. ಸಿನಿಮಾ ಕಲಿಸುವ ಸರ್ಕಾರಿ ಸಂಸ್ಥೆ, ಪುಣೆಯ ಎಫ್‌ಟಿಐಐನಲ್ಲಿ ಇದಕ್ಕೇ ಒಂದು ಕೋರ್ಸ್ ಇದೆ, ಆದರೆ ಅಲ್ಲಿ ಕಲೆ, ಆರ್ಕಿಟೆಕ್ಚರ್ ಥರದ ಓದು ಕೇಳುತ್ತಾರೆ. ಅರ್ಜಿ ಹಾಕುವ ಮುಂಚೆ ನಿಯಮ ಓದಿ. ನಿಮಗೆ ಹತ್ತಿರದ ದಾರಿ ಅಂದ್ರೆ ಸೆಟ್ ಹಾಕಿಸುವ ಯಾರಾದರೂ ಕಲಾ ನಿರ್ದೇಶಕರ ಬಳಿ ಸಹಾಯಕರಾಗಿ ಸೇರುವುದು. ಶುರುವಿನಲ್ಲಿ ಸಂಬಳ ಕಡಿಮೆ, ಓಡಾಟ ಜಾಸ್ತಿ.

ಈ ಕೆಲಸ ಸುಮ್ನೆ ಚಂದದ ಸೆಟ್ ಹಾಕುವುದಲ್ಲ. 1970ರ ಮಲ್ಲೇಶ್ವರದ ಮನೆ ಬೇಕು ಅಂದುಕೊಳ್ಳಿ: ಕಪ್ಪು ಗುಂಡು ಸ್ವಿಚ್ಚು, ಗೋಡೆ ಮೇಲೆ ಓಡುವ ವೈರಿನ ಮರದ ಪಟ್ಟಿ, ಅಜ್ಜ ದಿನಾ ಒರಗಿ ಕೂರುವ ಜಾಗದಲ್ಲಿ ತಲೆ ಎಣ್ಣೆಯ ಕಲೆ, ಇಷ್ಟೂ ಇರಬೇಕು, ಆ ಕಲೆ ಎಷ್ಟು ಎತ್ತರದಲ್ಲಿರಬೇಕು ಅನ್ನುವುದನ್ನೂ ಯೋಚಿಸಬೇಕು. ಕ್ಯಾಮೆರಾ ಎಲ್ಲಿಡ್ತಾರೆ, ಯಾವ ಗೋಡೆ ಕಳಚಿ ತೆಗೆಯುವ ಹಾಗಿರಬೇಕು ಅನ್ನುವುದೂ ನಿಮ್ಮ ತಲೆನೋವೇ.

ಬಿಕಾಂ ದಂಡ ಅಂದುಕೊಳ್ಳಬೇಡಿ. ಪ್ಲೈವುಡ್, ಬಣ್ಣ, ಬಡಗಿಗಳ ಕೂಲಿ, ಬಾಡಿಗೆ ಸಾಮಾನು, ಎಲ್ಲದಕ್ಕೂ ಲೆಕ್ಕ ಕೊಡಬೇಕು. ನಿರ್ಮಾಪಕರು ಸ್ಕೆಚ್‌ಗಿಂತ ಮೊದಲು ಅದನ್ನೇ ನೋಡೋದು ಅಲ್ವಾ!

ಒಂದು ಭಾನುವಾರ ಚಿಕ್ಕಪೇಟೆಯ ಸಂಡೇ ಬಜಾರ್‌ಗೆ ಹೋಗಿ, ಹಳೇ ಸಾಮಾನುಗಳ ಫೋಟೋ, ಅಳತೆ, ಬೆಲೆ ಬರೆದುಕೊಳ್ಳಿ. ಜೊತೆಗೆ ಕಂಪ್ಯೂಟರಿನಲ್ಲಿ ಸೆಟ್‌ನ 3ಡಿ ಮಾದರಿ ಬಿಡಿಸುವ ಸ್ಕೆಚ್‌ಅಪ್ ಸಾಫ್ಟ್‌ವೇರ್ ಕಲಿಯಿರಿ. ಇವೆರಡನ್ನೂ ಇಟ್ಟುಕೊಂಡು ಕೆಲಸ ಕೇಳಿ.