ಕರ್ನಾಟಕ ಸಂಗೀತದ ಪಿಟೀಲು ಬರುತ್ತೆ. ಆಲ್ಬಂ ಕೇಳಿಯೇ ಬ್ರಿಟಿಷ್ ಜಾನಪದ ಫಿಡಲ್ ಕಲಿಯಬಹುದಾ?

ನಿಮ್ಮ ಪ್ರಶ್ನೆ ಓದಿ ನಕ್ಕುಬಿಟ್ಟೆ. ಎಂಟು ವರ್ಷ ಪಿಟೀಲು ಕಲಿತಿದ್ದೀರಿ, ಈಗ ಶೆಫೀಲ್ಡ್‌ನಲ್ಲಿ ಕೆಲಸ. ಇವತ್ತಿನ ಬ್ರಿಟಿಷ್ ಜಾನಪದ ಫಿಡಲ್ (ಅಲ್ಲಿನ ಜಾನಪದದವರು ಪಿಟೀಲನ್ನೇ ಹೀಗೆ ಕರೆಯುತ್ತಾರೆ) ವಾದಕರ ಸಂಕಲನವೊಂದು ಸಿಕ್ಕಿದೆ. ಅದನ್ನು ಕೇಳಿ ಸ್ವರ ಹಾಕಿಕೊಂಡರೆ ಸಾಕಾ, ಕ್ಲಾಸ್ ಸೇರಬೇಕಾ, ಅವರಲ್ಲಿ ಯಾರ ಶೈಲಿ ಹಿಡಿಯಲಿ ಅಂತ ಕೇಳಿದ್ದೀರಿ. ಊರಿನ ಹೆಸರೊಂದು ಬದಲಾಯಿಸಿದರೆ ಅದು ನಾನೇ. ನಾನು ಆಗ ಆಕ್ಸ್‌ಫರ್ಡ್‌ನಲ್ಲಿದ್ದೆ.

ನನ್ನ ಹತ್ತಿರ ಇದ್ದದ್ದೂ ಅಂಥದ್ದೇ ಸಿಡಿ. ಒಬ್ಬೊಬ್ಬರದು ಒಂದೊಂದು ಟ್ರ್ಯಾಕ್. ಶೆಟ್ಲೆಂಡ್‌ನ ರೀಲ್ ಮುಗಿಯಿತು ಅನ್ನುವಷ್ಟರಲ್ಲಿ ನಾರ್ತಂಬರ್‌ಲ್ಯಾಂಡ್‌ನ ಹಾರ್ನ್‌ಪೈಪ್, ಅದರ ಬೆನ್ನಿಗೆ ಸ್ಕಾಟ್ಲೆಂಡ್‌ನ ಸ್ಟ್ರಾತ್‌ಸ್ಪೇ, ಆಮೇಲೆ ಆಕ್ಸ್‌ಫರ್ಡ್ ಸುತ್ತಮುತ್ತಲಿನ ಮಾರಿಸ್ ಅನ್ನುವ ಜಾನಪದ ಕುಣಿತದ ಟ್ಯೂನ್. ಎಲ್ಲವೂ ಕುಣಿತದ ಟ್ಯೂನ್‌ಗಳ ಬಗೆಗಳೇ. ರಾತ್ರಿ ಊಟ ಮುಗಿಸಿ ನೆಲದ ಮೇಲೆ ಕೂತು, ಪಿಟೀಲಿನ ತಲೆಯನ್ನು ಪಾದಕ್ಕೆ ಆನಿಸಿ, ಒಂದೊಂದನ್ನೇ ಬಿಡಿಸುತ್ತಿದ್ದೆ. ಎಲ್ಲವೂ ಸಲೀಸಾಗಿ ಬರುತ್ತಿತ್ತು. ಅದೇ ನನ್ನನ್ನು ಕೆಡಿಸಿದ್ದು.

ಯಾಕೆ ಸಲೀಸು ಅಂದರೆ, ಅಲ್ಲಿರುವ ಅರ್ಧಕ್ಕರ್ಧ ಟ್ಯೂನ್‌ಗಳ ಮೇಳ ನಮ್ಮ ಶಂಕರಾಭರಣ. ಉಳಿದವುಗಳಲ್ಲಿ ಜಾಸ್ತಿ ಅವರು ಡೋರಿಯನ್, ಮಿಕ್ಸೊಲಿಡಿಯನ್ ಅನ್ನುವಂಥವು. ನಮ್ಮ ಕಿವಿಗೆ ಅವು ಖರಹರಪ್ರಿಯ ಮತ್ತು ಹರಿಕಾಂಭೋಜಿ. ಜಿಗ್ ಅನ್ನುವ ಬಗೆಯ ಟ್ಯೂನ್ ಅಂದರೆ ತಿಶ್ರ ನಡೆ, ಮೂರು ಮೂರರ ಎಣಿಕೆ. ಸಾಮಾನ್ಯವಾಗಿ ಎಂಟೆಂಟು ಬಾರ್‌ಗಳ (ನಮ್ಮ ಆವರ್ತದಂಥ ಅಳತೆ) ಎರಡು ಭಾಗ. ಒಂದೊಂದನ್ನೂ ಎರಡು ಸಲ ನುಡಿಸಿದರೆ 32 ಬಾರ್, ಟ್ಯೂನ್ ಮುಗಿಯಿತು. ಚಿಕ್ಕವನಿದ್ದಾಗ ಎಲ್ಲರ ಹಾಗೆ ನಾನೂ ಮುತ್ತುಸ್ವಾಮಿ ದೀಕ್ಷಿತರ ನೋಟ್ಟುಸ್ವರ ಕಲಿತಿದ್ದೆ. ಬ್ರಿಟಿಷರ ಬ್ಯಾಂಡ್ ನುಡಿಸುತ್ತಿದ್ದ ಟ್ಯೂನ್‌ಗಳಿಗೆ ಸಂಸ್ಕೃತ ಸಾಹಿತ್ಯ. ‘ಸಂತತಂ ಪಾಹಿಮಾಂ’ ಬ್ರಿಟನ್ನಿನ ರಾಷ್ಟ್ರಗೀತೆಯ ಮಟ್ಟು, ಗೊತ್ತಲ್ವಾ. ದೀಕ್ಷಿತರ ತಮ್ಮ ಬಾಲುಸ್ವಾಮಿ ಮದರಾಸಿನಲ್ಲಿ ಇವರ ವಾದ್ಯವನ್ನೇ ಕಲಿತು ನಮ್ಮದಾಗಿಸಿದರು. ನಾನು ವಾಪಸ್ ಅವರ ಊರಿಗೆ ಬಂದು ಅವರ ಟ್ಯೂನ್ ಕಲಿಯುವುದು ಏನು ಮಹಾ ಅಂದುಕೊಂಡೆ.

ಇದರ ಮೇಲೆ ಇನ್ನೊಂದು. ಸ್ಕಾಟ್ಲೆಂಡ್ ಮತ್ತು ಶೆಟ್ಲೆಂಡ್‌ನ ಕೆಲವು ಹಳೆಯ ಟ್ಯೂನ್‌ಗಳಿಗೆ ಫಿಡಲ್‌ನ ತಂತಿಗಳನ್ನು ಮಾಮೂಲಿ ಜಿ-ಡಿ-ಎ-ಇ ಬಿಟ್ಟು ಎ-ಇ-ಎ-ಇ ಮಾಡುತ್ತಾರೆ. ಎ ಅನ್ನು ಷಡ್ಜ ಅಂದುಕೊಳ್ಳಿ. ಸ-ಪ-ಸ-ಪ. ನಮ್ಮದೇ ಶ್ರುತಿ! ಇದು ತಿಳಿದ ದಿನ ನನಗೆ ನಿದ್ದೆ ಬರಲಿಲ್ಲ. ಆಮೇಲೆ ಬೇರೆ ಏನನ್ನೂ ನೋಡುವ ವ್ಯವಧಾನ ಉಳಿಯಲಿಲ್ಲ.

ಈಗ ನನಗೆ ದುಬಾರಿಯಾದ ವಿಷಯ. ಇದನ್ನು ಸ್ವಲ್ಪ ಎಳೆದು ಹೇಳುತ್ತೇನೆ, ಸಹಿಸಿಕೊಳ್ಳಿ.

ಹತ್ತಿರದ ಪಬ್ ಒಂದರ ಸೆಶನ್‌ಗೆ ಹೋಗಲು ಶುರು ಮಾಡಿದ್ದೆ. ಮೇಜಿನ ಸುತ್ತ ಕೂತು ಎಲ್ಲರೂ ಸೇರಿ ಟ್ಯೂನ್ ನುಡಿಸುವುದು, ಅಷ್ಟೇ. ಟ್ಯೂನ್ ಗೊತ್ತಿದ್ದರೆ ಸೇರಿಕೊಳ್ಳಿ, ಇಲ್ಲದಿದ್ದರೆ ಸುಮ್ನೆ ಕೂತಿರಿ. ಅಲ್ಲಿಗೆ ಬರುತ್ತಿದ್ದವರಲ್ಲಿ ಒಂದು ಮಾರಿಸ್ ತಂಡದವರೂ ಇದ್ದರು. ಮೊಣಕಾಲ ಕೆಳಗೆ ಗೆಜ್ಜೆ, ಕೈಯಲ್ಲಿ ಬಿಳಿ ಕರವಸ್ತ್ರ, ಆರು ಜನ ಎರಡು ಸಾಲು. ಆಕ್ಸ್‌ಫರ್ಡ್‌ಶೈರ್ ಈ ಕುಣಿತದ ತವರು. ಜಾನಪದ ಹಾಡು, ಕುಣಿತಗಳನ್ನು ಸಂಗ್ರಹಿಸಿದ ಸೆಸಿಲ್ ಶಾರ್ಪ್ 1899ರ ಬಾಕ್ಸಿಂಗ್ ಡೇ (ಡಿಸೆಂಬರ್ 26) ದಿನ ಮೊದಲ ಸಲ ಮಾರಿಸ್ ನೋಡಿದ್ದು ಇಲ್ಲಿನ ಹೆಡಿಂಗ್ಟನ್ ಕ್ವಾರಿ ಅನ್ನುವ ಊರಿನವರದನ್ನೇ. ಒಂದು ಸಂಜೆ ಪಬ್‌ಗೆ ಬರುತ್ತಿದ್ದ ಆ ತಂಡದ ಮೆಲೋಡಿಯನ್ (ಅಕಾರ್ಡಿಯನ್ ಜಾತಿಯ ವಾದ್ಯ) ನುಡಿಸುವವರು ಬರಲಿಲ್ಲ. ‘ನಿಮಗೆ ಈ ಟ್ಯೂನ್ ಬರುತ್ತಲ್ವಾ?’ ಅಂತ ನನ್ನನ್ನು ಕೇಳಿದರು. ಬರುತ್ತಿತ್ತು. ನನ್ನ ಸಿಡಿಯಲ್ಲಿದ್ದ ಟ್ಯೂನ್ ಅದು. ಒಂದು ಸ್ವರವೂ ಆಚೆ ಈಚೆ ಆಗದ ಹಾಗೆ ಬರುತ್ತಿತ್ತು.

ಮಾರಿಸ್‌ನಲ್ಲಿ ಕೇಪರ್ ಅಂತ ಇದೆ. ಕುಣಿಯುವವರು ಎತ್ತರಕ್ಕೆ ನೆಗೆಯುವುದು. ನಿಧಾನದ ಕೇಪರ್ ಬಂದಾಗ ಟ್ಯೂನಿನ ಆ ಭಾಗವನ್ನು ಸುಮಾರು ಅರ್ಧ ವೇಗಕ್ಕೆ ಇಳಿಸುತ್ತಾರೆ. ಯಾಕೆಂದರೆ ಮನುಷ್ಯ ಮೇಲೆ ಹೋಗಿ ಕೆಳಗೆ ಬರಬೇಕಲ್ಲ, ಅದಕ್ಕೆ ಹೊತ್ತು ಬೇಕು. ತಂಡದ ಮೇಷ್ಟ್ರು ಇದನ್ನು ನನಗೆ ಹೇಳಿದರು. ‘ಅಲ್ಲಿ ನಿಧಾನ ಮಾಡಿ, ನಮ್ಮನ್ನು ನೋಡಿ’ ಅಂದರು. ಎರಡು ಮಾತು. ನಾನು ಮೊದಲನೆಯದನ್ನು ಮಾತ್ರ ಕೇಳಿಸಿಕೊಂಡೆ.

ನಿಧಾನ ಮಾಡುವುದು ನಮಗೆ ಗೊತ್ತಿಲ್ಲವಾ? ಎರಡನೇ ಕಾಲದಿಂದ ಒಂದನೇ ಕಾಲಕ್ಕೆ ಇಳಿಯುವುದು. ಸರಿಯಾಗಿ ಅರ್ಧ, ಕೂದಲೆಳೆಯಷ್ಟೂ ವ್ಯತ್ಯಾಸ ಇಲ್ಲದೆ. ಕಾಲಪ್ರಮಾಣ ಅಲುಗಬಾರದು ಅಂತ ಮೇಷ್ಟ್ರ ಹತ್ತಿರ ಬೈಸಿಕೊಂಡು ಬೆಳೆದವರು ನಾವು. ಹಾಗಾಗಿ ಯಾವಾಗಿನ ಹಾಗೆ ಕಣ್ಣು ಮುಚ್ಚಿ, ಒಳಗೊಳಗೆ ತಾಳ ಎಣಿಸುತ್ತಾ, ಗಣಿತದ ಪ್ರಕಾರ ನೂರಕ್ಕೆ ನೂರು ಸರಿಯಾಗಿ ನುಡಿಸಿದೆ. ಆದರೆ ನೆಗೆತಕ್ಕೆ ಆ ಗಣಿತ ಇಲ್ಲ. ದಪ್ಪಗಿರುವವರು ಒಂದು ರೀತಿ ಇಳಿಯುತ್ತಾರೆ, ಸಣ್ಣಗಿರುವವರು ಇನ್ನೊಂದು ರೀತಿ. ಹುಲ್ಲಿನ ಮೇಲೆ ಒಂದು ಹೊತ್ತು, ಕಲ್ಲುಹಾಸಿನ ಮೇಲೆ ಇನ್ನೊಂದು. ಮೂರನೇ ಕುಣಿತದ ಹೊತ್ತಿಗೆ ಸುಸ್ತಾಗಿ ನೆಗೆತ ಗಿಡ್ಡ ಆಗಿರುತ್ತೆ. ನುಡಿಸುವವರು ಇದನ್ನೆಲ್ಲ ಕಣ್ಣಲ್ಲಿ ಅಳೆದು, ಅವರು ಮೇಲಿರುವ ತನಕ ಸ್ವರವನ್ನು ಹಿಡಿದಿಟ್ಟು, ಕಾಲು ನೆಲ ಮುಟ್ಟುವಾಗ ಬೋ, ಅಂದರೆ ಕಮಾನು, ತಿರುಗಿಸಬೇಕು. ನಾನು ಏನು ಮಾಡಿದೆ? ಅವರು ಗಾಳಿಯಲ್ಲಿರುವಾಗಲೇ ನಾನು ಸಮಕ್ಕೆ ಬಂದು ಕೂತಿದ್ದೆ. ಟ್ಯೂನ್ ಮುಂದಕ್ಕೆ ಎಳೆಯಿತು, ಅವರು ಆತುರಪಟ್ಟು ಇಳಿದರು. ಎರಡನೇ ಸಲವೂ ಅದೇ. ಅವರು ತಪ್ಪುತ್ತಿದ್ದಾರೆ, ನಾನು ತಾಳ ಗಟ್ಟಿಯಾಗಿ ಹಿಡಿದರೆ ಸರಿಹೋಗುತ್ತಾರೆ ಅಂತ ಇನ್ನೂ ಒತ್ತಿ ನುಡಿಸಿದೆ. ಅದರಲ್ಲೊಬ್ಬರು, ವಯಸ್ಸಾದವರು, ಕಾಲು ಉಳುಕಿಸಿಕೊಂಡರು. ಆ ಬೇಸಿಗೆ ಪೂರ್ತಿ ಅವರು ಕುಣಿಯಲಿಲ್ಲ.

ಯಾರೂ ಬೈಯಲಿಲ್ಲ. ‘ತುಂಬಾ ಸೊಗಸಾದ ನಾದ ನಿಮ್ಮದು’ ಅಂದರು. ಇಂಗ್ಲಿಷರು ನಾದ ಚೆನ್ನಾಗಿದೆ ಅಂದರೆ ಮುಂದಿನ ವಾರ ಕರೆಯುವುದಿಲ್ಲ ಅಂತ ಅರ್ಥ. ಇದು ನನಗೆ ತಿಳಿಯುವಷ್ಟರಲ್ಲಿ ಸೀಸನ್ ಮುಗಿದಿತ್ತು. ನಾಚಿಕೆಯಿಂದ ಪಬ್‌ಗೆ ಹೋಗುವುದನ್ನೂ ಬಿಟ್ಟಿದ್ದೆ.

ನಮ್ಮಲ್ಲಿ ಇದು ಇಲ್ಲವೇ ಇಲ್ಲ ಅಂತಲ್ಲ. ಯಕ್ಷಗಾನದ ಮದ್ದಳೆಯವರು ವೇಷದವರ ಕಾಲಿನ ಮೇಲಿಂದ ಕಣ್ಣು ತೆಗೆಯುವುದಿಲ್ಲ. ನಾನು ಸಂಗೀತ ಕಛೇರಿಯ ಕಡೆಯಿಂದ ಬಂದವನು, ಹಾಡುವವರ ಬಾಯಿ ನೋಡಿ ಅಭ್ಯಾಸ.

ಹಾಗಂತ ಆ ಸಿಡಿಯ ತಪ್ಪಾ? ಅಲ್ಲ. ಆ ಟ್ರ್ಯಾಕ್ ನುಡಿಸಿದವರು ಕೂತು ಕೇಳುವವರಿಗಾಗಿ ನುಡಿಸಿದ್ದರು. ಚೆನ್ನಾಗಿಯೇ ನುಡಿಸಿದ್ದರು. ಕುಣಿತವನ್ನು ಅವರು ಎಷ್ಟೋ ವರ್ಷ ನೋಡಿದ್ದಾರೆ, ಆಮೇಲೆ ಬಿಟ್ಟುಕೊಟ್ಟಿದ್ದಾರೆ. ನಾನು ನೋಡಿಯೇ ಇರಲಿಲ್ಲ.

ಬೋ ವಿಷಯವೂ ಇದೇ. ನಮ್ಮಲ್ಲಿ ಒಂದೇ ಎಳೆತದಲ್ಲಿ ಎಷ್ಟೋ ಸ್ವರ ಹೋಗುತ್ತೆ. ಬೋ ತಿರುಗಿದ್ದು ಗೊತ್ತಾಗಬಾರದು, ಗಾಯನದ ಹಾಗೆ ಇರಬೇಕು. ಇಲ್ಲಿ ತಿರುಗಿದ್ದು ಗೊತ್ತಾಗಲೇಬೇಕು, ಕುಣಿಯುವವರು ಹಿಡಿದುಕೊಳ್ಳುವುದೇ ಅದನ್ನು. ಸ್ಟ್ರಾತ್‌ಸ್ಪೇ ಕೇಳಿ. ಗಿಡ್ಡ ಸ್ವರ, ಉದ್ದ ಸ್ವರ, ಚಿಟಿಕೆ ಹೊಡೆದ ಹಾಗೆ ಬರುತ್ತಲ್ಲ, ಅದು ಎಡಗೈ ಕೆಲಸ ಅಲ್ಲ. ಪರ್ತ್‌ಶೈರ್‌ನ ನೀಲ್ ಗೌ (1727–1807) ತನ್ನ ಕಾಲದಲ್ಲೇ ಮೇಲ್ಮುಖದ ಬೋಗೆ ಹೆಸರಾಗಿದ್ದ. ಸಾಧಾರಣವಾಗಿ ಬಲ ಇರುವುದು ಕೆಳಕ್ಕೆ ಎಳೆಯುವಾಗ. ಅವನು ಮೇಲಕ್ಕೆ ತಳ್ಳುವಾಗಲೂ ಅಷ್ಟೇ ಬಲ ಹಾಕುತ್ತಿದ್ದನಂತೆ. ಇದು ಸಿಡಿಯಲ್ಲಿ ಕೇಳಿಸಬಹುದು, ಕಾಣಿಸುವುದಿಲ್ಲ. ನಾನು ತಿಂಗಳುಗಟ್ಟಲೆ ಆ ಲಯವನ್ನು ಬೆರಳಿನ ಜಾರುವಿಕೆಯಿಂದ ತರಲು ಒದ್ದಾಡಿದೆ. ಗಮಕ ಹಾಕಿದ ಸ್ಟ್ರಾತ್‌ಸ್ಪೇ ಹೇಗಿರುತ್ತೆ ಅಂತ ಕೇಳಬೇಡಿ.

ಹಾಗಾಗಿ ‘ಯಾರ ಶೈಲಿ ಹಿಡಿಯಲಿ’ ಅನ್ನುವ ನಿಮ್ಮ ಪ್ರಶ್ನೆಯನ್ನೇ ನಾನು ಒಪ್ಪುವುದಿಲ್ಲ. ಆ ಸಂಕಲನ ನೋಡಿದರೆ ಬ್ರಿಟಿಷ್ ಫಿಡಲ್ ಅಂತ ಒಂದಿದೆ, ಅದರಲ್ಲಿ ಇಷ್ಟು ಬಗೆ ಇದೆ, ಬೇಕಾದ್ದು ಆರಿಸಿಕೊಳ್ಳಿ ಅನ್ನುವ ಹಾಗೆ ಕಾಣುತ್ತೆ. ಹಾಗೇನಿಲ್ಲ. ಶೆಟ್ಲೆಂಡ್ 1469ರ ತನಕ ನಾರ್ವೆಗೆ ಸೇರಿದ್ದ ದ್ವೀಪಗಳು. ಪಕ್ಕದ ತಂತಿಯನ್ನೂ ಮುಟ್ಟಿಸಿ ಅದು ಸದಾ ಮೊಳಗುವ ಹಾಗೆ ನುಡಿಸುವುದು ಅವರ ಪದ್ಧತಿ. ಅಲ್ಲಿ ಟಾಮ್ ಆ್ಯಂಡರ್ಸನ್ ಅಂತ ಒಬ್ಬರಿದ್ದರು. ಹೊಟ್ಟೆಪಾಡಿಗೆ ಇನ್ಶೂರೆನ್ಸ್ ಕೆಲಸ. ಮುದುಕರ ಹತ್ತಿರ ಟ್ಯೂನ್ ಕೂಡಿಹಾಕಿ, 1970ರ ದಶಕದಲ್ಲಿ ಶಾಲೆಗಳಲ್ಲಿ ಮಕ್ಕಳಿಗೆ ಕಲಿಸಿದರು. ಆಲಿ ಬೇನ್ ಅವರ ಶಿಷ್ಯ, ಕ್ಯಾಟ್ರಿಯೋನಾ ಮ್ಯಾಕ್‌ಡೊನಾಲ್ಡ್ ಕೂಡ. ಇದಕ್ಕೂ ಯಾರ್ಕ್‌ಶೈರ್‌ನ ಎಲೈಜಾ ಕಾರ್ತಿಗೂ ಏನು ಸಂಬಂಧ? ಎಲೈಜಾ ಹಾಡುತ್ತಲೇ ಫಿಡಲ್ ನುಡಿಸುತ್ತಾರೆ, ಹಾಡಿನ ಮನೆಯಲ್ಲೇ ಹುಟ್ಟಿದವರು. ಇಬ್ಬರನ್ನೂ ಅಕ್ಕಪಕ್ಕ ಇಟ್ಟು ಯಾವುದು ನನಗೆ ಒಪ್ಪುತ್ತೆ ಅಂತ ಕೇಳುವುದು ಬಟ್ಟೆ ಅಂಗಡಿಯ ಪ್ರಶ್ನೆ.

ನೀವಿರುವುದು ಶೆಫೀಲ್ಡ್. ಹಾಗಿದ್ದರೆ ನಿಮ್ಮ ಶೈಲಿ ಶೆಫೀಲ್ಡ್‌ನಲ್ಲಿದೆ. ಡಿಸೆಂಬರ್ 26ಕ್ಕೆ ಗ್ರೆನೊಸೈಡ್‌ಗೆ ಹೋಗಿ. ನಿಮ್ಮ ಊರಿನ ಉತ್ತರದ ಅಂಚಿನಲ್ಲೇ ಇದೆ. ಆ ದಿನ ಅಲ್ಲಿ ಕತ್ತಿ ಹಿಡಿದು ಕುಣಿಯುವ ಆರು ಜನರ ತಂಡ ಇರುತ್ತೆ, ಕಾಲಿಗೆ ಮರದ ತಳದ ಕ್ಲಾಗ್ಸ್, ಜೊತೆಗೆ ಫಿಡಲ್. ಆರೂ ಜನ ಕತ್ತಿಯಿಂದ ಕತ್ತಿಗೆ ಕೊಂಡಿ ಹಾಕಿಕೊಂಡಿರುತ್ತಾರೆ, ಒಬ್ಬರು ತಡವರಿಸಿದರೆ ಎಲ್ಲರೂ ತಡವರಿಸುತ್ತಾರೆ. ಫಿಡಲ್ ಕೇಳಬೇಡಿ, ಕ್ಲಾಗ್ಸ್ ಕೇಳಿ. ಆಮೇಲೆ ಫಿಡಲ್ ಕೇಳಿ. ನವೆಂಬರ್, ಡಿಸೆಂಬರ್‌ನಲ್ಲಿ ಅದೇ ಕಡೆಯ ಪಬ್‌ಗಳಲ್ಲಿ ಊರವರ ಕ್ರಿಸ್ಮಸ್ ಹಾಡುಗಳಿರುತ್ತವೆ, ಅವೂ ಬಿಡಬೇಡಿ.

ಕ್ಲಾಸ್? ಸೇರಿ. ಬಲಗೈ ನೋಡಿ ತಿದ್ದುವವರಾದರೆ ಯಾರಾದರೂ ಸರಿ.

ಆಲ್ಬಂ ಎಸೆಯಿರಿ ಅಂತ ನಾನು ಹೇಳುತ್ತಿಲ್ಲ. ಜೊತೆಗಿರುವ ಪುಸ್ತಿಕೆ ಓದಿ. ಯಾರು ಯಾವ ಟ್ಯೂನನ್ನು ಯಾರಿಂದ, ಯಾವ ಹಸ್ತಪ್ರತಿಯಿಂದ ಕಲಿತರು ಅಂತ ಸಾಮಾನ್ಯವಾಗಿ ಇರುತ್ತೆ, ನನಗೆ ಈಗ ಸಂಗೀತಕ್ಕಿಂತ ಅದೇ ಹೆಚ್ಚು ಇಷ್ಟ. ಇಂಗ್ಲೆಂಡಿನ ಫಿಡಲ್ ವಾದಕ ಸ್ಯಾಮ್ ಸ್ವೀನಿಯ ಫಿಡಲ್‌ನ ಕಥೆ ಹುಡುಕಿ. ಅದರ ತುಂಡುಗಳನ್ನು ಕೆತ್ತಿದ್ದು ಲೀಡ್ಸ್‌ನ ರಿಚರ್ಡ್ ಹೋವರ್ಡ್ ಎಂಬವರು. ಜೋಡಿಸುವ ಮೊದಲೇ ಮೊದಲ ಮಹಾಯುದ್ಧಕ್ಕೆ ಹೋಗಿ 1917ರಲ್ಲಿ ಬೆಲ್ಜಿಯಂನ ಮೆಸೀನ್‌ನಲ್ಲಿ ಸತ್ತರು. ಎಷ್ಟೋ ದಶಕ ಆದಮೇಲೆ ಆಕ್ಸ್‌ಫರ್ಡ್‌ನ ಒಬ್ಬ ಕುಶಲಕರ್ಮಿ ಅದನ್ನು ಪೂರ್ತಿ ಮಾಡಿದರು. ಸ್ವೀನಿ ಇರುವ ಲೆವರೆಟ್ ತ್ರಿವಳಿಯನ್ನು ಸಾಧ್ಯವಾದರೆ ಎದುರಿಗೇ ಕೇಳಿ. ಮೊದಲೇ ಕಟ್ಟಿಟ್ಟ ಅರೇಂಜ್‌ಮೆಂಟ್ ಇಲ್ಲದೆ ನುಡಿಸುತ್ತಾರೆ. ನಮ್ಮ ಮನೋಧರ್ಮಕ್ಕೆ, ಅಂದರೆ ಆ ಕ್ಷಣದಲ್ಲೇ ಕಟ್ಟುತ್ತಾ ನುಡಿಸುವುದಕ್ಕೆ, ಹತ್ತಿರದ್ದು ಏನಾದರೂ ಅಲ್ಲಿ ಇದ್ದರೆ ಇದೇ, ರಾಗದ ಹೋಲಿಕೆ ಅಲ್ಲ. ಡೇವ್ ಸ್ವಾರ್‌ಬ್ರಿಕ್ ನಿಮ್ಮ ಆಲ್ಬಂನಲ್ಲಿ ಇದ್ದರೂ ಇಲ್ಲದಿದ್ದರೂ ಅವರನ್ನು ಬೇರೆಯಾಗಿ ಕೇಳಿ. 1969ರಲ್ಲಿ ಎಲೆಕ್ಟ್ರಿಕ್ ಗಿಟಾರ್, ಡ್ರಮ್ಸ್ ನಡುವೆ ಫಿಡಲ್ ನಿಲ್ಲಿಸಿದವರು ಅವರು. 1999ರಲ್ಲಿ ಇನ್ನೂ ಬದುಕಿರುವಾಗಲೇ ಒಂದು ಪತ್ರಿಕೆ ಅವರ ಮರಣವಾರ್ತೆ ಹಾಕಿಬಿಟ್ಟಿತ್ತು. ‘ಕವೆಂಟ್ರಿ ಊರಿನಲ್ಲಿ ನಾನು ಸತ್ತಿದ್ದು ಇದೇ ಮೊದಲೇನಲ್ಲ’ ಅಂದರಂತೆ. ಸಂಗೀತ ಕಛೇರಿ ನೆಲ ಕಚ್ಚಿದ್ದಕ್ಕೂ ಇಂಗ್ಲಿಷಿನಲ್ಲಿ ಸಾವು ಅಂತಲೇ ಹೇಳುತ್ತಾರೆ. ನಿಜವಾಗಿ ತೀರಿಕೊಂಡಿದ್ದು 2016ರಲ್ಲಿ.

ನಾನು ಏನು ಮಾಡಿದೆ ಅಂದರೆ, ಮುಂದಿನ ಚಳಿಗಾಲ ಅದೇ ತಂಡದ ಅಭ್ಯಾಸಕ್ಕೆ ಪಿಟೀಲು ಇಲ್ಲದೆ ಹೋದೆ, ಕುಣಿಯಲು. ಬಹಳ ಕೆಟ್ಟದಾಗಿ ಕುಣಿಯುತ್ತೇನೆ. ಆದರೆ ಬೇರೆಯವರು ನುಡಿಸುವಾಗ ನಾನೇ ಗಾಳಿಯಲ್ಲಿದ್ದು, ಅವರು ಕಾಯದೆ ಇದ್ದರೆ ಏನಾಗುತ್ತೆ ಅಂತ ಮೊಣಕಾಲಿಗೆ ಗೊತ್ತಾಯಿತು. ಎರಡನೇ ಚಳಿಗಾಲ ಪಿಟೀಲು ತರಲು ಅವರೇ ಹೇಳಿದರು. ಕುರ್ಚಿಯ ಮೇಲೆ ಕೂತು, ಕಣ್ಣು ಬಿಟ್ಟುಕೊಂಡು ನುಡಿಸುತ್ತೇನೆ ಈಗ. ಮಾರಿಸ್ ತಂಡಗಳ ಅಭ್ಯಾಸ ಸಾಮಾನ್ಯವಾಗಿ ಶರತ್ಕಾಲದಿಂದ ವಸಂತದ ತನಕ, ಮೇ ತಿಂಗಳಿಂದ ಹೊರಗೆ ಕುಣಿತ. ಹೊಸಬರನ್ನು ಬೇಡ ಅನ್ನುವ ತಂಡ ನಾನು ಕಂಡಿಲ್ಲ.

ಒಂದು ಮಾತು ಬಿಟ್ಟುಹೋಯಿತು. ಎ-ಇ-ಎ-ಇ ಶ್ರುತಿ ವಿಷಯ ಓದಿ ಈಗಲೇ ಬಿರಡೆ ತಿರುಗಿಸಲು ಹೊರಟಿರುತ್ತೀರಿ. ನಮ್ಮ ಪಿಟೀಲುಗಳನ್ನು ತಗ್ಗಿನ ಶ್ರುತಿಗೆ ಇಟ್ಟಿರುತ್ತೇವೆ. ಊರಿಂದ ತಂದ ಹಳೇ ತಂತಿಯನ್ನು ಒಂದೇ ಸಲ ಅಷ್ಟು ಎತ್ತರಕ್ಕೆ ಏರಿಸಿದರೆ ಪಟ್ ಅಂತ ಕಡಿಯುತ್ತೆ, ಮುಖಕ್ಕೂ ಹೊಡೆಯಬಹುದು. ಹೊಸ ತಂತಿ ಹಾಕಿ, ಮೊದಲು ಜಿ-ಡಿ-ಎ-ಇಗೆ ತನ್ನಿ, ಕೆಲವು ದಿನ ಹಾಗೇ ಬಿಡಿ. ಆಮೇಲೆ ತಗ್ಗಿನ ಎರಡು ತಂತಿಗಳನ್ನು, ಅಂದರೆ ಜಿ ಮತ್ತು ಡಿಯನ್ನು, ಒಂದೊಂದು ಸ್ವರ ಏರಿಸಿ. ಬ್ರಿಡ್ಜ್ ಮುಂದಕ್ಕೆ ವಾಲುತ್ತಿದೆಯಾ ಅಂತ ಆಗಾಗ ನೋಡುತ್ತಿರಿ.