ಗೆರೆ ಎಳೆಯದೆಯೂ ಅನಿಮೇಶನ್

ಧಾರವಾಡದ ಓದುಗರೊಬ್ಬರ ತಕರಾರು ಇದು: “1908ರ ಮೂಕಿ ಚಿತ್ರ ‘ಎಲ್ ಹೋಟೆಲ್ ಎಲೆಕ್ತ್ರಿಕೊ’ ಸ್ಪೇನಿನ ಹಳೆಯ ಹಾಸ್ಯ ಅನಿಮೇಶನ್ ಎಂದು ಬರೆದಿರಿ. ನೋಡಿದೆ. ಅದರಲ್ಲಿರುವವರು ನಿಜವಾದ ನಟರು, ಒಂದು ಗೆರೆಯನ್ನೂ ಬಿಡಿಸಿಲ್ಲ. ಕಂಪನಿ ಪ್ಯಾರಿಸ್ಸಿನ ಪಾಥೆ. ಅದು ಅನಿಮೇಶನ್ನೂ ಅಲ್ಲ, ಸ್ಪೇನಿನದೂ ಅಲ್ಲ, ಅಲ್ವಾ?”

ಎರಡನೆಯದು ಬೇಗ ಮುಗಿಯುವ ಮಾತು. ದುಡ್ಡು ಫ್ರಾನ್ಸಿನದೇ, ಒಪ್ಪಿದೆವು. ಆದರೆ ನಿರ್ದೇಶಕ ಸೆಗುಂಡೊ ದೆ ಚೊಮೊನ್ ಹುಟ್ಟಿದ್ದು 1871ರಲ್ಲಿ, ಸ್ಪೇನಿನ ತೆರುಯೆಲ್‌ನಲ್ಲಿ. ಬಾರ್ಸಿಲೋನಾದಲ್ಲಿ ಕೆಲಸ ಮಾಡಿ ಪಾಥೆಗೆ ಹೋದವರು. ಹಾಗಾಗಿ ಎರಡೂ ದೇಶದವರು ಚಿತ್ರ ತಮ್ಮದೆನ್ನುತ್ತಾರೆ. ಅನ್ನಲಿ ಬಿಡಿ.

ಅನಿಮೇಶನ್ ವಿಷಯ ಮಾತ್ರ ಬಿಟ್ಟುಕೊಡಲಾರೆವು. ಆಗಿನ ಕ್ಯಾಮೆರಾ ಕೈಯಲ್ಲಿ ತಿರುಗಿಸುವಂಥದ್ದು. ಚೊಮೊನ್ ಒಂದೇ ಒಂದು ಸ್ಥಿರಚಿತ್ರ ತೆಗೆದು ಕ್ಯಾಮೆರಾ ನಿಲ್ಲಿಸುತ್ತಿದ್ದರು. ಬ್ರಷ್ಷನ್ನು ಚೂರು ಸರಿಸಿ ಇನ್ನೊಂದು ತೆಗೆಯುತ್ತಿದ್ದರು. ಪರದೆಯ ಮೇಲೆ ಬ್ರಷ್ಷು ತಾನಾಗಿಯೇ ಬೂಟು ಉಜ್ಜುತ್ತದೆ. ಚಲನೆ ಕ್ಯಾಮೆರಾದ ಮುಂದೆ ನಡೆದಿಲ್ಲ, ಫಿಲ್ಮಿನ ಮೇಲೆ ಹುಟ್ಟಿದೆ. ಇದು ಅನಿಮೇಶನ್ ಅಲ್ಲದಿದ್ದರೆ ಇನ್ನೇನು?

ನಟರಿದ್ದಾರೆ ಎಂದಿರಲ್ಲ, ಮಜಾ ಇರುವುದೇ ಅಲ್ಲಿ. ಎಲ್ಲವೂ ಕರೆಂಟಿನಿಂದ ನಡೆಯುವ ಹೋಟೆಲಿಗೆ ಗಂಡ ಹೆಂಡತಿ ಬರುತ್ತಾರೆ. ಪೆಟ್ಟಿಗೆಗಳು ತಾವೇ ರೂಮು ಸೇರಿ ಬಟ್ಟೆ ಹೊರತೆಗೆದಿಡುತ್ತವೆ. ಗಂಡನಿಗೆ ಶೇವಿಂಗ್ ಆಗುತ್ತದೆ, ಹೆಂಡತಿಯ ತಲೆ ಬಾಚಲಾಗುತ್ತದೆ, ಕೈ ಯಾರದ್ದೂ ಇಲ್ಲ. ಹೆಂಡತಿ ಚೊಮೊನ್ ಅವರ ಪತ್ನಿಯೇ, ಜೂಲಿಯೆನ್ ಮಾತ್ಯು. ಬಾಚಣಿಗೆ ಒಂದೊಂದು ಹೆಜ್ಜೆ ಸರಿಯುವಾಗಲೂ ಆಕೆ ಅಲುಗಾಡದೆ ಕೂರಬೇಕಿತ್ತು. ಅಂದರೆ ಬಾಚಣಿಗೆಯಂತೆ ಆಕೆಯೂ ಇಲ್ಲಿ ಒಂದು ಸಾಮಾನು. ಸಾಮಾನು ಚುರುಕಾಗಿ ಓಡಾಡುತ್ತದೆ, ಮನುಷ್ಯರು ಸುಮ್ನೆ ಕೂತಿರುತ್ತಾರೆ. ನಗು ಬರುವುದು ಅದಕ್ಕೇ.

ಹಿಂದಿನ ವರ್ಷ ಅಮೆರಿಕದಲ್ಲಿ ಬ್ಲ್ಯಾಕ್‌ಟನ್ ತೆಗೆದ ‘ದಿ ಹಾಂಟೆಡ್ ಹೋಟೆಲ್’ನಲ್ಲೂ ಸಾಮಾನು ತಾನೇ ಓಡಾಡುತ್ತಿತ್ತು. ಅಲ್ಲಿ ಅದು ದೆವ್ವದ ಕಾಟ. ಚೊಮೊನ್ ದೆವ್ವವನ್ನು ಓಡಿಸಿ ಕರೆಂಟು ತಂದರು. ದೆವ್ವಕ್ಕೆ ಕಾರಣ ಕೇಳುವಂತಿಲ್ಲ. ಕರೆಂಟಿನ ಹಿಂದೆ ಸ್ವಿಚ್ಚು ಒತ್ತುವ ಒಬ್ಬ ನೌಕರ ಇರಲೇಬೇಕು, ಅವನು ಕುಡಿದಿದ್ದರೆ ಕೆಟ್ಟಿತು! ಇಲ್ಲಿ ಆಗುವುದೂ ಅದೇ. ಯಂತ್ರದ ಕೋಣೆಯಲ್ಲಿ ಅವನು ಹಿಡಿಗಳನ್ನು ಮನಬಂದಂತೆ ಎಳೆಯುತ್ತಾನೆ, ಮೇಲೆ ಕುರ್ಚಿ ಮೇಜು ಗಿರಗಿರ ತಿರುಗುತ್ತವೆ. ನಮಗೆ ಈ ಗಲಾಟೆಗಿಂತ ಶೇವಿಂಗೇ ಜಾಸ್ತಿ ಇಷ್ಟ.

ಮುಂದೆ ಇಟಲಿಯಲ್ಲಿ 1914ರ ‘ಕಬೀರಿಯಾ’ಕ್ಕೆ ಕ್ಯಾಮೆರಾ ಹಿಡಿದವರಲ್ಲಿ ಇದೇ ಚೊಮೊನ್ ಕೂಡ ಇದ್ದರು. ಅದನ್ನೂ ನೋಡಿ ಬರೆಯಿರಿ, ಜಗಳ ಮುಂದುವರಿಸೋಣ.