ಅಲ್ಪವಿರಾಮ ಹಾಕಿದ ಕೈ

ಓದುಗರ ಪತ್ರ (ಸಂಕ್ಷಿಪ್ತ): ಕಳೆದ ಸಂಚಿಕೆಯಲ್ಲಿ, ಹತ್ತೊಂಬತ್ತನೆಯ ಶತಮಾನದ ಅಮೆರಿಕನ್ ಕವಿ ಎಮಿಲಿ ಡಿಕಿನ್ಸನ್ ಮೊದಲಾದವರ ಮೇಲೆ ಅಮೆರಿಕದ ವಿದ್ವಾಂಸೆ ಕ್ರಿಸ್ಟ್ಯಾನ್ ಮಿಲ್ಲರ್ ಬರೆದ ಪುಸ್ತಕಗಳ ಬಗ್ಗೆ ಆರು ಪುಟ ಹಾಕಿದ್ದೀರಿ. ಕವಿಯನ್ನು ಓದುವುದು ಬಿಟ್ಟು, ಕವಿಯ ಮೇಲೆ ಬರೆದವರ ಮೇಲೆ ಬರೆಯುವುದು ಯಾವ ಸುಖಕ್ಕೆ? ಮೂವತ್ತು ವರ್ಷ ಪಿಯು ಹುಡುಗರಿಗೆ ಇಂಗ್ಲಿಷ್ ಪಾಠ ಹೇಳಿದವನು ನಾನು. ಟೀಕೆ ಬೆಳೆದು ಮೂಲ ಮುಳುಗಿದ್ದನ್ನು ಸಾಕಷ್ಟು ಕಂಡಿದ್ದೇನೆ. ಇನ್ನು, ಮಹಿಳಾ ಕಾವ್ಯಕ್ಕೆ ಬೇರೆ ಪಂಕ್ತಿ ಯಾಕೆ? ಕೊನೆಯದಾಗಿ, ಲೇಖನದ ಜೊತೆಗಿದ್ದ ಎಮಿಲಿ ಡಿಕಿನ್ಸನ್ ಕವಿತೆಯ ಅನುವಾದದಲ್ಲಿ ಆಕೆಯ ಅಡ್ಡಗೆರೆಗಳೇ ಇಲ್ಲವಲ್ಲ! ಅನುವಾದಕಿಗೆ ಗೊತ್ತಿಲ್ಲವೋ, ಅಚ್ಚಿನವರು ನುಂಗಿದರೋ?

ಮಾನ್ಯರೇ,

ನಿಮ್ಮ ಕೊನೆಯ ಪ್ರಶ್ನೆಯಿಂದಲೇ ಶುರುಮಾಡುತ್ತೇನೆ. ಅನುವಾದಕಿಗೆ ಚೆನ್ನಾಗಿ ಗೊತ್ತಿತ್ತು, ಅಚ್ಚಿನವರು ಪಾಪದವರು. ನುಂಗಿದವನು ನಾನು. ಸಾವಿಗಾಗಿ ತಾನು ನಿಲ್ಲಲಾರದ್ದಕ್ಕೆ ಸಾವೇ ಗಾಡಿ ನಿಲ್ಲಿಸಿ ಹತ್ತಿಸಿಕೊಂಡು ಹೋಗುವ ಆ ಕವಿತೆ ನನ್ನ ಮೇಜಿಗೆ ಬಂದಾಗ ಸಾಲುಸಾಲಿಗೂ ಅಡ್ಡಗೆರೆ ಇತ್ತು. ಪುಟ ಕಟ್ಟುವ ಕೊನೆಯ ಸಂಜೆ. ಅಡ್ಡಗೆರೆ ಕಂಡಲ್ಲಿ ಅಲ್ಪವಿರಾಮ ಹಾಕುವುದು ನಮ್ಮಲ್ಲಿ ಹಳೆಯ ರೂಢಿ. ಕೆಂಪು ಪೆನ್ನು ತಲೆಯನ್ನು ಕೇಳದೆ ಓಡಿತು. ಡಿಕಿನ್ಸನ್ನಳ ಸಾಲುಗಳಿಗೆ ಸಂಪಾದಕರು ಏನೇನು ಮಾಡಿದರು ಎಂಬ ಕಥೆ ಅದರ ಹಿಂದಿನ ಪುಟದಲ್ಲೇ ಇತ್ತು. ಅದನ್ನು ಓದಿ, ಮೆಚ್ಚಿ, ತಲೆಬರಹ ಕೊಟ್ಟು, ಪುಟ ತಿರುವಿ ನಾನೂ ಅದನ್ನೇ ಮಾಡಿದೆ. ನಿಮ್ಮ ಪತ್ರ ಬರುವವರೆಗೆ ಗೊತ್ತೂ ಆಗಲಿಲ್ಲ.

ಹಾಗಾಗಿ ಮೊದಲ ಪ್ರಶ್ನೆಗೆ ಉತ್ತರ ನನ್ನ ತಪ್ಪಿನಲ್ಲೇ ಇದೆ. ಕವಿಯನ್ನು ನೇರವಾಗಿ ಓದೋಣ ಎನ್ನುತ್ತೀರಿ. ಸರಿ, ಯಾವ ಕವಿಯನ್ನು? ಇದೇ ಕವಿತೆಯನ್ನು ತೆಗೆದುಕೊಳ್ಳಿ. ಡಿಕಿನ್ಸನ್ 1886ರಲ್ಲಿ ಆಮ್ಹರ್ಸ್ಟ್ ಊರಿನ ತನ್ನ ಮನೆಯಲ್ಲೇ ತೀರಿಕೊಂಡಾಗ ಅಚ್ಚಾಗಿದ್ದದ್ದು ಹತ್ತರಷ್ಟು ಕವಿತೆ, ಅವೂ ಹೆಸರಿಲ್ಲದೆ. ತಂಗಿ ಲವೀನಿಯಾಗೆ ಸಿಕ್ಕ ಹಸ್ತಪ್ರತಿಗಳಿಂದ ಆಯ್ದು ಮೇಬಲ್ ಲೂಮಿಸ್ ಟಾಡ್ ಮತ್ತು ಥಾಮಸ್ ವೆಂಟ್‌ವರ್ತ್ ಹಿಗಿನ್ಸನ್ 1890ರಲ್ಲಿ ಮೊದಲ ಸಂಕಲನ ತಂದರು. ಹೆಸರಿಲ್ಲದ ಈ ಕವಿತೆಗೆ ‘ದಿ ಚಾರಿಯಟ್’ ಎಂದು ನಾಮಕರಣ ಮಾಡಿದರು. ಶಾಲೆಯ ಮುಂದೆ ಗಾಡಿ ಹಾಯುವಾಗ ಮೂಲದಲ್ಲಿ ಮಕ್ಕಳು ಬಿಡುವಿನ ವೇಳೆ ಸುತ್ತುಗಟ್ಟಿ ಸೆಣಸುತ್ತಿದ್ದಾರೆ. ಅಚ್ಚಿನಲ್ಲಿ ಅವರು ಸುಮ್ಮನೆ ಆಡುತ್ತಿದ್ದಾರೆ, ಪಾಠ ಆಗತಾನೇ ಮುಗಿದಿದೆ. ಸೆಣಸುವುದು ಹೋಗಿ ಆಟ ಬಂತು. ಸುತ್ತು ಹೋಯಿತು, ಪ್ರಾಸ ಬಂತು.

ಅಷ್ಟೇ ಆಗಿದ್ದರೆ ಹೋಗಲಿ ಎನ್ನಬಹುದಿತ್ತು. ಮುಳುಗುವ ಸೂರ್ಯನನ್ನು ದಾಟಿದೆವು ಎಂದ ಮೇಲೆ ಮೂಲದಲ್ಲಿ ಒಂದು ಅಡ್ಡಗೆರೆ, ಅದರ ಬೆನ್ನಿಗೇ ಮುಂದಿನ ಪದ್ಯದ ಮೊದಲ ಮಾತು: ಅಲ್ಲ ಅಲ್ಲ, ಅವನೇ ನಮ್ಮನ್ನು ದಾಟಿದ. ಇಬ್ಬನಿ ನಡುಗಿಸುತ್ತಾ ಇಳಿಯುತ್ತದೆ, ಮೈಮೇಲಿರುವುದು ಜೇಡರಬಲೆಯಷ್ಟು ತೆಳುವಾದ ಬಟ್ಟೆ. ಗಾಡಿಯಲ್ಲಿ ಕೂತವಳಿಗೆ ತಾನು ಚಲಿಸುತ್ತಲೇ ಇಲ್ಲ ಎಂಬ ಅನುಮಾನ ಮೊದಲ ಸಲ ಹೊಳೆಯುವ ಜಾಗ ಇದು. ನನ್ನ ಮಟ್ಟಿಗೆ ಇಡೀ ಕವಿತೆ ಅಲ್ಲಿ ಹೊರಳುತ್ತದೆ. 1890ರ ಪುಸ್ತಕದಲ್ಲಿ ಆ ನಾಲ್ಕು ಸಾಲು ಇಲ್ಲವೇ ಇಲ್ಲ. ಆರು ಪದ್ಯದ ಕವಿತೆ ಐದಾಯಿತು. ಥಾಮಸ್ ಜಾನ್ಸನ್ 1955ರಲ್ಲಿ ಮೂರು ಸಂಪುಟಗಳಲ್ಲಿ ಹಸ್ತಪ್ರತಿಗೆ ಹತ್ತಿರದ ಪಾಠ ಕೊಡುವವರೆಗೆ ಬಹುಪಾಲು ಓದುಗರಿಗೆ ಸಿಕ್ಕ ಡಿಕಿನ್ಸನ್ ಇಂಥವಳು.

ಹಿಗಿನ್ಸನ್ನರನ್ನು ಖಳನಾಯಕ ಮಾಡುವ ಮನಸ್ಸು ನನಗಿಲ್ಲ. ಅಂತರ್ಯುದ್ಧದಲ್ಲಿ ಕಪ್ಪು ಸೈನಿಕರ ತುಕಡಿಯನ್ನು ಮುನ್ನಡೆಸಿದ ಮನುಷ್ಯ, ಹೆಣ್ಣುಮಕ್ಕಳ ಹಕ್ಕಿನ ಪರ ಇದ್ದವರು. ತನ್ನ ಪದ್ಯಕ್ಕೆ ಜೀವ ಇದೆಯೇ ಎಂದು 1862ರಲ್ಲಿ ಡಿಕಿನ್ಸನ್ ಕೇಳಿದ್ದು ಇವರನ್ನೇ. ಒಳ್ಳೆಯವರ ಕೆಂಪು ಪೆನ್ನೇ ಹೆಚ್ಚು ದೂರ ಓಡುತ್ತದೆ, ನೋಡಿ. ಅನುಭವದ ಮಾತು.

ಚಿಹ್ನೆಯ ವಿಷಯದಲ್ಲಿ ಕವಿಯೇ ಜಗಳ ತೆಗೆದದ್ದೂ ಉಂಟು. ಹುಲ್ಲಿನಲ್ಲಿ ಹರಿಯುವ ಹಾವಿನ ಕವಿತೆ 1866ರಲ್ಲಿ ‘ಸ್ಪ್ರಿಂಗ್‌ಫೀಲ್ಡ್ ರಿಪಬ್ಲಿಕನ್’ ಪತ್ರಿಕೆಯಲ್ಲಿ ಬಂದಾಗ ಆಕೆ ಹಿಗಿನ್ಸನ್ನರಿಗೆ ಬರೆದಳು: ಅದನ್ನು ನನ್ನಿಂದ ಕದ್ದರು, ಸಾಲದ್ದಕ್ಕೆ ಚಿಹ್ನೆ ಹಾಕಿ ಮೂರನೆಯ ಸಾಲನ್ನು ಸೋಲಿಸಿದರು, ಮೂರು ಮತ್ತು ನಾಲ್ಕು ಒಂದೇ ಆಗಿದ್ದವು. ನೀವು ಅವನನ್ನು ಕಂಡಿರಬಹುದು, ಆಮೇಲೆ ‘ಡಿಡ್ ಯೂ ನಾಟ್’, ಆಮೇಲೆ ಅವನ ಸುಳಿವು ಹಠಾತ್ತನೆ ಸಿಗುತ್ತದೆ. ನಡುವಿನ ಮೂರು ಪದ ಹಿಂದಕ್ಕೆ ಸೇರಿದರೆ ‘ಕಂಡಿದ್ದೀರಿ ತಾನೇ?’ ಮುಂದಕ್ಕೆ ಸೇರಿದರೆ ‘ಕಂಡಿರದಿದ್ದರೆ, ತಗೊಳ್ಳಿ, ಹಠಾತ್ತನೆ ಎದುರಾಗುತ್ತಾನೆ’. ಅಲ್ಲೊಂದು ಚಿಹ್ನೆ ನೆಟ್ಟರೆ ಮುಂದಿನ ಬಾಗಿಲು ಮುಚ್ಚಿತು. ಹೊಸ್ತಿಲ ಮೇಲೆ ದೀಪ ಇಟ್ಟರೆ ಒಳಗೂ ಹೊರಗೂ ಬೆಳಕು, ನಾವು ದೇಹಲೀದೀಪ ನ್ಯಾಯ ಅನ್ನುವುದು ಇದಕ್ಕೇ. ಒಂದೇ ಪದಗುಚ್ಛ ಹಿಂದಕ್ಕೂ ಮುಂದಕ್ಕೂ ದುಡಿಯುವ ಈ ರೀತಿಯನ್ನು ಆಕೆಯ ವ್ಯಾಕರಣದ ಒಂದು ಮುಖ್ಯ ಗುಣವಾಗಿ ಹೆಸರಿಟ್ಟು ವಿವರಿಸಿದ್ದು ಮಿಲ್ಲರ್ 1987ರಲ್ಲಿ ಬರೆದ ‘ಎಮಿಲಿ ಡಿಕಿನ್ಸನ್: ಎ ಪೊಯೆಟ್ಸ್ ಗ್ರಾಮರ್’. ವ್ಯಾಕರಣ ಎಂಬ ಪದ ಕಂಡು ಓಡಬೇಡಿ. ನೀವು ತರಗತಿಯಲ್ಲಿ ‘ಇಲ್ಲಿ ಕರ್ತೃ ಯಾವುದು?’ ಎಂದು ಹುಡುಗರನ್ನು ಕಾಡಿಸಿರುತ್ತೀರಲ್ಲ, ಆ ಪ್ರಶ್ನೆಯನ್ನೇ ಅವರು ಮರ್ಯಾದೆಯಿಂದ ಕೇಳುತ್ತಾರೆ.

ಅವರ ದೊಡ್ಡ ಕೆಲಸ 2016ರದ್ದು, ‘ಎಮಿಲಿ ಡಿಕಿನ್ಸನ್ಸ್ ಪೊಯಮ್ಸ್: ಆ್ಯಸ್ ಶಿ ಪ್ರಿಸರ್ವ್ಡ್ ದೆಮ್’. ಡಿಕಿನ್ಸನ್ ಕಾಗದದ ಹಾಳೆಗಳ ಮೇಲೆ ಕವಿತೆಗಳನ್ನು ಚೊಕ್ಕವಾಗಿ ಬರೆದು, ಅಂಚಿನಲ್ಲಿ ತೂತು ಮಾಡಿ, ದಾರ ಪೋಣಿಸಿ ಹೊಲಿದಿಟ್ಟ ನಲವತ್ತು ಕಿರುಹೊತ್ತಗೆಗಳಿವೆ. ಮೊದಲ ಸಂಪಾದಕರು ದಾರ ಬಿಚ್ಚಿ ಹಾಳೆಗಳನ್ನು ಬೇರೆಮಾಡಿದರು. ರಾಲ್ಫ್ ಫ್ರಾಂಕ್ಲಿನ್ ತೂತು, ಕಲೆ, ಕಾಗದದ ಗುರುತುಗಳನ್ನು ಹಿಡಿದು ಆ ಕ್ರಮವನ್ನು 1981ರಲ್ಲಿ ಮತ್ತೆ ಜೋಡಿಸಿದರು. ಮಿಲ್ಲರ್ ಅದೇ ಕ್ರಮದಲ್ಲಿ ಕವಿತೆಗಳನ್ನು ಸಾಮಾನ್ಯ ಓದುಗನ ಕೈಗೆ ಕೊಟ್ಟರು. ಯಾವುದನ್ನು ಆಕೆ ಹೊಲಿದಿಟ್ಟಳು, ಯಾವುದನ್ನು ಬಿಡಿಹಾಳೆಯಲ್ಲಿ ಉಳಿಸಿದಳು, ಯಾವುದನ್ನು ಯಾರಿಗೋ ಕಳಿಸಿ ತನ್ನ ಹತ್ತಿರ ಇಟ್ಟುಕೊಳ್ಳಲೇ ಇಲ್ಲ ಎಂಬುದೆಲ್ಲ ಅಲ್ಲಿ ಗೊತ್ತಾಗುತ್ತದೆ.

ಆ ಹಾಳೆಗಳಲ್ಲಿ ಕೆಲವು ಪದಗಳ ಪಕ್ಕ ಸಣ್ಣದೊಂದು ಕೂಡುಗುರುತು ಇರುತ್ತದೆ. ಹಾಳೆಯ ಕೆಳಗೆ ಅದೇ ಗುರುತಿನ ಮುಂದೆ ಬದಲಿ ಪದ, ಕೆಲವೊಮ್ಮೆ ಎರಡು ಮೂರು. ಮೂಲಪದವನ್ನು ಹೊಡೆದುಹಾಕಿರುವುದಿಲ್ಲ. ಡಿ.ಎಲ್. ನರಸಿಂಹಾಚಾರ್ಯರ ‘ಕನ್ನಡ ಗ್ರಂಥಸಂಪಾದನೆ’ ಓದಿ ಬೆಳೆದ ನಮ್ಮಂಥವರಿಗೆ ಪಾಠಾಂತರ ಅಂದರೆ ಲಿಪಿಕಾರನ ಕೈತಪ್ಪು, ಅವನ ಅತಿಜಾಣತನ. ಓಲೆಗರಿಗಳನ್ನು ತಾಳೆ ನೋಡಿ ಕವಿಯ ಶುದ್ಧಪಾಠವನ್ನು ಹೊರತೆಗೆಯಬೇಕು. ಇಲ್ಲಿ ಪಾಠಾಂತರ ಬರೆದವಳು ಕವಿಯೇ. ಶುದ್ಧಪಾಠ ಎಲ್ಲಿಂದ ತರುತ್ತೀರಿ? ಮಿಲ್ಲರ್ ಬದಲಿ ಪದಗಳನ್ನು ಪುಟದ ಅಂಚಿನಲ್ಲಿ, ಆಯಾ ಸಾಲಿನ ಎದುರೇ ಇಟ್ಟಿದ್ದಾರೆ. ಕಣ್ಣು ಪಕ್ಕಕ್ಕೆ ಹಾಯಿಸಿದರೆ ಸಾಕು.

ಅವರು ಹೇಳಿದ್ದೇ ಕೊನೆ ಎಂದಲ್ಲ. ಹಸ್ತಪ್ರತಿಯಲ್ಲಿ ಸಾಲು ಎಲ್ಲಿ ಮುರಿಯುತ್ತದೋ ಅಚ್ಚಿನಲ್ಲೂ ಅಲ್ಲೇ ಮುರಿಯಬೇಕು ಎನ್ನುವವರಿದ್ದಾರೆ. ‘ಮೈ ಎಮಿಲಿ ಡಿಕಿನ್ಸನ್’ ಬರೆದ ಕವಿ ಸೂಸನ್ ಹೌ ಅವರಲ್ಲಿ ಮುಂಚೂಣಿಯವರು. ಮಿಲ್ಲರ್ ಒಪ್ಪುವುದಿಲ್ಲ. ಹಾಳೆ ಸಾಲದೆ ಪದ ಕೆಳಗಿಳಿದರೆ ಅದು ಹೊಸ ಸಾಲಲ್ಲ, ಆಕೆ ಕಿವಿಯಿಂದ ಬರೆದವಳು, ಆ ಕಾಲದ ಸ್ತೋತ್ರಗೀತೆ ಲಾವಣಿಗಳ ಲಯ ಆಕೆಯ ಬೆರಳಲ್ಲಿತ್ತು ಎಂಬುದು 2012ರ ‘ರೀಡಿಂಗ್ ಇನ್ ಟೈಮ್’ ಪುಸ್ತಕದ ವಾದ. ನನ್ನ ಓಟು ಮಿಲ್ಲರ್ ಅವರಿಗೆ. ನಮ್ಮ ಪುಟದ ಅಂಕಣ ಕಿರಿದಾಗಿ ಎಷ್ಟು ಭಾವಗೀತೆಗಳ ಸಾಲು ಮಡಚಿವೆ ಎಂದು ನನಗೆ ಗೊತ್ತು.

ಈಗ ಬೇರೆ ಪಂಕ್ತಿಯ ಪ್ರಶ್ನೆ. ಅದೇ ಕಾಲದ ಅಮೆರಿಕನ್ ಕವಿ ವಾಲ್ಟ್ ವಿಟ್ಮನ್ 1855ರಲ್ಲಿ ಸ್ವಂತ ಖರ್ಚಿನಲ್ಲಿ ಪುಸ್ತಕ ಅಚ್ಚು ಹಾಕಿಸಿ, ಕೆಲವು ಪುಟಗಳ ಮೊಳೆಯನ್ನೂ ತಾನೇ ಜೋಡಿಸಿ, ಸಾಯುವ 1892ರವರೆಗೆ ತಾನೇ ತಿದ್ದಿದ. ಅವನ ಸಾಲನ್ನು ಸಾಪುಮಾಡಲು ಯಾರಿಗೂ ಬಿಡಲಿಲ್ಲ. ಡಿಕಿನ್ಸನ್ನಳ ಸಾಲು ಅಚ್ಚಿಗೆ ಹೋಗುವಾಗ ‘ಪಾಪ, ಹೆಣ್ಣುಮಗಳು, ಪ್ರಾಸ ಗೊತ್ತಿಲ್ಲ’ ಎಂಬ ಧಾಟಿ ಇತ್ತು. ಇಬ್ಬರನ್ನೂ ಒಂದೇ ಪಂಕ್ತಿಯಲ್ಲಿ ಕೂರಿಸಿ ಎನ್ನುವ ಮೊದಲು ಬಡಿಸಿದ್ದು ಒಂದೇ ಊಟವೇ ಎಂದು ನೋಡಬೇಕಾಗುತ್ತದೆ.

ಆದರೆ ಕತೆ ಅಷ್ಟು ನೇರ ಅಲ್ಲ, ಮಿಲ್ಲರ್ ಬರಹ ನನಗೆ ಹಿಡಿಸುವುದು ಅದಕ್ಕೇ. ಅವರು ಹೆಚ್ಚು ಕಾಲ ಕಳೆದ ಇನ್ನೊಬ್ಬ ಕವಿ ಮರಿಯನ್ ಮೂರ್. ಈಕೆ 1925ರಿಂದ 1929ರವರೆಗೆ ‘ದಿ ಡಯಲ್’ ಪತ್ರಿಕೆಯ ಸಂಪಾದಕಿ. ಹಾರ್ಟ್ ಕ್ರೇನ್ ಕಳಿಸಿದ ‘ದಿ ವೈನ್ ಮೆನಾಜರಿ’ ಎಂಬ ಕವಿತೆಯನ್ನು ಅರ್ಧಕ್ಕಿಂತ ಕಡಿಮೆ ಮಾಡಿ, ‘ಅಗೇನ್’ ಎಂದು ಬೇರೆ ಹೆಸರಿಟ್ಟು ಅಚ್ಚು ಹಾಕಿದರು. ದುಡ್ಡಿನ ಅಡಚಣೆಯಲ್ಲಿದ್ದ ಕ್ರೇನ್ ಒಪ್ಪಿಕೊಂಡು ಆಮೇಲೆ ಹಲ್ಲು ಕಡಿದ. ತನ್ನ ಕವಿತೆಗಳನ್ನೂ ಆಕೆ ಬಿಟ್ಟವರಲ್ಲ. ‘ಪೊಯೆಟ್ರಿ’ ಎಂಬ ಪ್ರಸಿದ್ಧ ಕವಿತೆಯನ್ನು 1967ರಲ್ಲಿ ಮೂರೇ ಸಾಲಿಗೆ ಇಳಿಸಿ, ಉಳಿದದ್ದನ್ನು ಟಿಪ್ಪಣಿಗೆ ತಳ್ಳಿದರು. ಕತ್ತರಿ ಹಿಡಿದವರೆಲ್ಲ ಗಂಡಸರು, ಸಿಕ್ಕಿಬಿದ್ದವರೆಲ್ಲ ಹೆಂಗಸರು ಎಂಬ ಲೆಕ್ಕ ಇಲ್ಲಿ ಕೂಡುವುದಿಲ್ಲ. ಮೂರ್ ಅವರನ್ನು ತ್ರಿಕೋನ ಟೋಪಿಯ ವಿಚಿತ್ರ ಅವಿವಾಹಿತೆ ಎಂದು ಮುದ್ದಿನಿಂದ ಮೂಲೆಗೆ ಸರಿಸಿದ್ದ ಕಾಲದಲ್ಲಿ, ಮಿಲ್ಲರ್ ಅವರ 1995ರ ‘ಕ್ವೆಶ್ಚನ್ಸ್ ಆಫ್ ಅಥಾರಿಟಿ’ ಆಕೆಯ ಗತ್ತನ್ನು ಹುಡುಕಿ ತೋರಿಸಿತು. ಗಂಡಸಿನ ದನಿಯನ್ನು ಕಡ ತರದೆ, ಹೆಣ್ಣಿನ ಅಳುವನ್ನೂ ಹೊರದೆ, ಕವಿತೆಯೊಳಗೆ ಪರರ ಮಾತುಗಳನ್ನು ಉದ್ಧರಿಸುತ್ತಾ ಆಕೆ ಕಟ್ಟಿಕೊಂಡ ಅಧಿಕಾರ ಅದು. ಬರ್ಲಿನ್ನಿನ ಕವಿ ಎಲ್ಸ ಲಾಸ್ಕರ್ ಶೂಲರ್ ಮತ್ತು ಇನ್ನೊಬ್ಬ ಕವಿ ಮಿನಾ ಲಾಯ್ ಜೊತೆ ಮೂರ್ ಅವರನ್ನಿಟ್ಟು ನೋಡುವ 2005ರ ‘ಕಲ್ಚರ್ಸ್ ಆಫ್ ಮಾಡರ್ನಿಸಂ’ ಅಷ್ಟು ಸಲೀಸಾಗಿ ಓದಿಸಿಕೊಳ್ಳುವುದಿಲ್ಲ, ಮೊದಲೇ ಹೇಳಿಬಿಡುತ್ತೇನೆ.

ಎಲ್ಲಿಂದ ಶುರುಮಾಡಲಿ ಎಂದು ನೀವು ಕೇಳಿಲ್ಲ, ಆದರೂ ಹೇಳುತ್ತೇನೆ. ದುಡ್ಡು ಕೊಡುವ ಮೊದಲು ಅಂತರ್ಜಾಲದಲ್ಲಿ ‘ಎಮಿಲಿ ಡಿಕಿನ್ಸನ್ ಆರ್ಕೈವ್’ ನೋಡಿ. ಹಾರ್ವರ್ಡ್, ಆಮ್ಹರ್ಸ್ಟ್ ಕಾಲೇಜು ಮುಂತಾದ ಕಡೆ ಇರುವ ಹಸ್ತಪ್ರತಿಗಳ ಚಿತ್ರಗಳು ಪುಕ್ಕಟೆ ಸಿಗುತ್ತವೆ. ಅಡ್ಡಗೆರೆ ಎಂದು ನಾವು ಅನ್ನುವುದು ಒಮ್ಮೆ ಮೇಲಕ್ಕೆ ಓರೆ, ಒಮ್ಮೆ ಕೆಳಕ್ಕೆ, ಒಮ್ಮೆ ಬರೀ ಚುಕ್ಕೆಯಷ್ಟು ಉದ್ದ. ಅಚ್ಚಿನ ಯಾವ ಗೆರೆಯೂ ಅದಕ್ಕೆ ಸಾಟಿಯಲ್ಲ.

ಕವಿತೆಯನ್ನು ಈ ಸಂಚಿಕೆಯ ಕೊನೆಯ ಪುಟದಲ್ಲಿ ಅಡ್ಡಗೆರೆ ಸಮೇತ ಮತ್ತೆ ಹಾಕಿದ್ದೇವೆ. ಅನುವಾದಕಿಯ ಕ್ಷಮೆ ಕೇಳಿ ಫೋನ್ ಮಾಡಿದಾಗ, ಹೇಗೂ ಮತ್ತೆ ಹಾಕುತ್ತೀರಲ್ಲ ಸರ್, ಆ ಶಾಲೆಯ ಮಕ್ಕಳ ಸಾಲಿಗೆ ನನ್ನ ಹತ್ತಿರ ಇನ್ನೊಂದು ಪದ ಇದೆ, ಯಾವುದು ಬಿಡಬೇಕೋ ತಿಳಿಯುತ್ತಿಲ್ಲ ಎಂದರು. ನನಗೂ ತಿಳಿಯಲಿಲ್ಲ. ‘ಸೆಣಸುತ್ತಿದ್ದರು’ ಸಾಲಿನಲ್ಲಿದೆ, ಕೂಡುಗುರುತಿನ ಜೊತೆ ‘ಹೆಣಗುತ್ತಿದ್ದರು’ ಅಂಚಿನಲ್ಲಿದೆ. ಪುಟ ಕಟ್ಟುವ ಹುಡುಗ ಎರಡು ಸಲ ಬಂದು ಕೇಳಿದ, ಸರ್, ಇದು ಪ್ರೂಫ್ ತಪ್ಪಲ್ಲ ತಾನೇ?

-ಸಂ.